ಅಕ್ಷರಕ್ಕೆ ಹತ್ತು ರೂಪಾಯಿ

ಹಂಪನಕಟ್ಟೆಯ ಮಾಳಿಗೆಯಲ್ಲಿ ನನ್ನದು ಅಂಟಿಸುವ ಕೆಲಸ.
ಅಂಗಿಯ ಬೆನ್ನಿಗೆ ನಂಬರು, ನಂಬರಿನ ಮೇಲೆ ಹೆಸರು.
ಕಾದ ಹಲಗೆ ಇಳಿಸಿ ಹದಿನೈದು ಎಣಿಸಬೇಕು.
ಕಮ್ಮಿಯಾದರೆ ಕಿತ್ತು ಬರುತ್ತದೆ, ಹೆಚ್ಚಾದರೆ ಬಟ್ಟೆ ಸುಡುತ್ತದೆ.
ಅಷ್ಟೇ ವಿದ್ಯೆ.

ಸೆವೆನ್ಸ್ ಟೂರ್ನಮೆಂಟಿನ ಮುನ್ನಾದಿನ ಹಮ್ಮಬ್ಬಾಕ
ಒಬ್ಬನನ್ನು ಮೆಟ್ಟಿಲು ಹತ್ತಿಸಿ ತಂದರು.
"ಜಪಾನಿನವ ಮಾರಾಯ. ಮ್ಯಾಚಿಗೆ ಮೂರು ಸಾವಿರ, ಊಟ ನಮ್ಮದು."
ಬಲಗಾಲು ಮೊದಲು, ಎಡಗಾಲು ಅದರ ಪಕ್ಕಕ್ಕೆ,
ಮದುಮಗಳು ಹೊಸಿಲು ದಾಟಿದ ಹಾಗೆ
ಪ್ರತಿ ಮೆಟ್ಟಿಲಿಗೂ.
ಮೊಣಕಾಲು, ಎಂದು ಹಮ್ಮಬ್ಬಾಕ ಕಣ್ಣಲ್ಲೇ ಹೇಳಿದರು.

ಹೆಸರು ಕುರಮೋಚಿ.
ಇಂಗ್ಲಿಷಿನಲ್ಲಿ ಒಂಬತ್ತು ಅಕ್ಷರ, ತೊಂಬತ್ತು ರೂಪಾಯಿ.
ಕನ್ನಡದಲ್ಲಾದರೆ ನಾಲ್ಕೇ.
ಬೆರಳು ಮಡಚಿ ಲೆಕ್ಕ ತೋರಿಸಿದೆ.
ಹಮ್ಮಬ್ಬಾಕ ಗಡ್ಡ ಕೆರೆಯುವಷ್ಟರಲ್ಲಿ ಅವನೇ ನಕ್ಕ: ನಾಲ್ಕು.

ನಂಬರು? ಎಂಟು ಬೆರಳು ಎತ್ತಿದ.
ಎಂಟು ಅಧ್ಯಕ್ಷರ ಅಳಿಯನಿಗೆ ಹೋಗಿತ್ತು.
ಉಳಿದದ್ದು ಹದಿನೇಳು.
ಬೇಸರವಾಯಿತೋ ಏನೋ, ಪೆನ್ಸಿಲು ತೆಗೆದು
ಬಿಲ್ಲಿನ ಹಿಂದೆ ಬರೆಯುತ್ತ ಹೋದ, ಗೋವಾದಲ್ಲಿ ಕಲಿತ ಅರೆಬರೆ ಹಿಂದಿಯಲ್ಲಿ:

ಮೂವತ್ತನಾಲ್ಕು. ಹದಿನೆಂಟರ ಪ್ರಾಯ, ವರ್ಷವಿಡೀ ಬೆಂಚು.
ಇಪ್ಪತ್ತಾರು. ಕೊನೆಯ ಹತ್ತು ನಿಮಿಷಗಳ ಆಟಗಾರ.
ಎಂಟು, ಎಂಟು, ಎಂಟು, ಇನ್ನೂ ಮೂರು ಸಲ ಎಂಟು.
ಉತ್ತರದ ಯಾವುದೋ ಊರು, ಎರಡನೆಯ ಡಿವಿಷನ್,
ಬೆಳಗಾದರೆ ಆಟಗಾರರೇ ಮೈದಾನದ ಹಿಮ ಎತ್ತಿಹಾಕಬೇಕು.
(ಹಿಮ ಎಂದರೆ ಏನೆಂದು ನನ್ನ ಮೇಜಿನ ಪೌಡರು ಚೆಲ್ಲಿ ತೋರಿಸಿದ.)
ಆಮೇಲೆ ಮೊಣಕಾಲು.
ಇಪ್ಪತ್ತೇಳು. ಥಾಯ್ಲೆಂಡಿನಲ್ಲಿ ಇಪ್ಪತ್ತು.
ಗೋವಾದಲ್ಲಿ ಆರು, ಮೂರು ತಿಂಗಳ ಸಂಬಳ ಬಾಕಿ.

ಮ್ಯಾಚು ಎಷ್ಟು? ಇನ್ನೂರ ಎಂಬತ್ತೊಂದು.
ಗೋಲು?
ಅಂಗೈ ಎತ್ತಿ ಹೆಬ್ಬೆರಳು ಮಡಚಿದ.
ಕನ್ನಡದಲ್ಲಿ ಅವನ ಹೆಸರಿನಷ್ಟು.

ಅಷ್ಟು ವರ್ಷ ಮತ್ತೆ ಎಂತ ಮಾಡಿದೆ ಎಂದು ಕೇಳಲಿಲ್ಲ.
ಬಂದರಿನಿಂದ ಬೆಂಗ್ರೆಗೆ ಹೋಗುವ ದೋಣಿ ನೋಡಿದ್ದೀರಲ್ಲ,
ಈಚೆಯವರನ್ನು ಆಚೆ ಬಿಡುತ್ತದೆ, ಆಚೆಯವರನ್ನು ಈಚೆ.
ದೋಣಿಗೆ ಯಾರ ಮನೆಗೂ ಹೋಗಲಿಕ್ಕಿಲ್ಲ.

ನೆಹರೂ ಮೈದಾನ, ರಾತ್ರಿ, ಲೈಟಿನ ಸುತ್ತ ಹಾತೆ.
ಏಳು ಜನರ ಆಟದಲ್ಲಿ ನಡು ಎಲ್ಲಿ ಉಂಟು?
ಎಲ್ಲರೂ ಒಂದೋ ಹೊಡೆಯುತ್ತಾರೆ, ಇಲ್ಲವೋ ತಡೆಯುತ್ತಾರೆ.
ಇವನು ಕುಂಟುತ್ತ ನಡುವನ್ನು ಹುಡುಕುತ್ತಿದ್ದ.
ಕೊನೆಯ ನಿಮಿಷ, ಯಾರೂ ಇಲ್ಲದ ಜಾಗಕ್ಕೆ ಚೆಂಡು ಕಳಿಸಿದ.
"ಮೂರು ಸಾವಿರ ಹೊಳೆಗೆ ಹೋಯ್ತು!" ಹಿಂದಿನಿಂದ ಯಾರೋ.
ಅಷ್ಟರಲ್ಲಿ ಆ ಜಾಗಕ್ಕೆ ಬೆಂಗ್ರೆಯ ಮುಜಮ್ಮಿಲ್ ಬಂದ.
ತಾನು ಅಲ್ಲಿಗೆ ಬರುವವನೆಂದು ಅವನಿಗೇ ಗೊತ್ತಿರಲಿಲ್ಲವಂತೆ.
ಒದ್ದ. ಕಂಬಕ್ಕೆ ಬಡಿಯಿತು.
ಮೈಕಿನವನು ಮುಜಮ್ಮಿಲ್ ಎಂದ, ಕಂಬ ಎಂದ, ಅಯ್ಯಯ್ಯೋ ಎಂದ.
ಹದಿನೇಳು ಎನ್ನಲಿಲ್ಲ.

ಅವನ ಭಾಷೆಯಲ್ಲಿ ಕುರ ಎಂದರೆ ಕಣಜವಂತೆ,
ಮೋಚಿ ಎಂದರೆ ಉಳ್ಳವನು.
ಬೆಂಗ್ರೆಯ ಹುಡುಗರಿಗೆ ಕೊನೆಯ ಎರಡೇ ಅಕ್ಷರ ಸಾಕಾಯಿತು:
ಮೋಚೀ, ಮೋಚೀ ಎಂದು
ಬಾಯಿಬಿಟ್ಟ ಬೂಟುಗಳನ್ನು ತಂದು ಮುಂದೆ ಸುರಿದರು.
ಅವನು ಬಲೆ ಹೆಣೆಯುವ ನೂಲು ಕೇಳಿ ಪಡೆದು
ಮೀನಿನ ವಾಸನೆಯ ಮರಳಲ್ಲಿ ಕಾಲು ಚಾಚಿ ಕೂತು
ಒಂದೊಂದನ್ನೂ ಹೊಲಿದ.
ಕಣಜದಲ್ಲಿ ಏನಿತ್ತೋ, ಹೊತ್ತು ಮುಳುಗುವವರೆಗೆ ಹೊಲಿದ.

ಮರುದಿನ ಕಾಸರಗೋಡಿನ ಬಸ್ಸು ಹತ್ತಿದನಂತೆ.
ಅಂಗಿ ಮುಜಮ್ಮಿಲನ ಬಳಿ ಉಳಿಯಿತು,
ಎರಡು ಸೈಜು ದೊಡ್ಡದು, ಮೊಣಕಾಲಿಗೆ ಬರುತ್ತದೆ.
ಮೊನ್ನೆ ನೋಡಿದೆ, ಉಪ್ಪು ನೀರಿಗೆ 'ರ' ಉದುರಿದೆ.
ತಾ, ಅಂಟಿಸಿ ಕೊಡುತ್ತೇನೆ, ಹತ್ತು ರೂಪಾಯಿ ಕೇಳುವುದಿಲ್ಲ ಎಂದೆ.
ಬೆನ್ನು ತಿರುಗಿಸಿ ನಿಂತ.
"ಬೇಡ. ಜಾಗ ಉಂಟಲ್ಲ.
ಓದಲಿಕ್ಕೆ ಆಗ್ತದೆ."